ಸ್ಥಾವರದಲ್ಲಿ ಹುಟ್ಟದವರ ಪಾಲು

ಗದಗ ತಾಲೂಕಿನ ಕೋಟುಮಚಗಿಯಲ್ಲಿ 1012ನೆಯ ಇಸವಿಯ ಶಾಸನವೊಂದಿದೆ. ಕಲ್ಯಾಣ ಚಾಲುಕ್ಯರ ಐದನೆಯ ವಿಕ್ರಮಾದಿತ್ಯನ ಕಾಲದ್ದು. ಪಾಠ ಹೇಳುವ ಉಪಾಧ್ಯಾಯರ ಜೀವನಕ್ಕೆಂದು ಭೂಮಿ ಬಿಟ್ಟ ಸಂಗತಿ ಅದರಲ್ಲಿದೆ. ಕನ್ನಡ ನಾಡಿನ ಶಿಕ್ಷಣದ ಚರಿತ್ರೆ ಬರೆಯುವವರು ಈ ಕಲ್ಲನ್ನು ನೆನೆಯದೆ ಮುಂದೆ ಹೋಗುವುದಿಲ್ಲ. ಹೊನ್ನು ಕೊಟ್ಟರೆ ಖರ್ಚಾಗುತ್ತದೆ, ದನ ಕೊಟ್ಟರೆ ಸಾಯುತ್ತವೆ. ಹೊಲ ಎಲ್ಲಿಗೂ ಹೋಗುವುದಿಲ್ಲ, ವರ್ಷವರ್ಷ ಜೋಳ ಕೊಡುತ್ತಲೇ ಇರುತ್ತದೆ. ಇಂಥ ಆಸ್ತಿಗೆ ಧರ್ಮಶಾಸ್ತ್ರದವರು ಇಟ್ಟ ಹೆಸರು ಸ್ಥಾವರ. ನಮ್ಮ ಹಳೆಯ ಕಾಗದಪತ್ರಗಳಲ್ಲಿ ‘ಸ್ಥಾವರ ಜಂಗಮ ಸ್ವತ್ತು’ ಎಂದು ಬರೆಯುವಾಗಲೂ ಅದೇ ಅರ್ಥ. ಇಂದು ಕೋಟುಮಚಗಿಗೆ ಬರುವ ಪತ್ರಿಕೆಗಳಲ್ಲಿ ಈ ಪದ ಕಣ್ಣಿಗೆ ಬೀಳುವುದು ಬೇರೆಯೇ ಸುದ್ದಿಯಲ್ಲಿ: ರಾಯಚೂರಿನ ಉಷ್ಣ ವಿದ್ಯುತ್ ಸ್ಥಾವರ, ಕೈಗಾದ ಅಣು ವಿದ್ಯುತ್ ಸ್ಥಾವರ. ಹೊಲಕ್ಕೆ ಇದ್ದ ಹೆಸರು ರಿಯಾಕ್ಟರಿಗೆ ಬಂದ ದಾರಿ ದೊಡ್ಡದು. ಆ ದಾರಿಯಲ್ಲಿ ಪದಕ್ಕೆ ಅಂಟಿಕೊಂಡ ಒಂದೊಂದು ಅರ್ಥವೂ ಅಣುಶಕ್ತಿಯ ಬಗ್ಗೆ ನಮಗೆ ಏನನ್ನೋ ಹೇಳಬಲ್ಲದು ಎಂದು ನಾನು ನಂಬಿದ್ದೇನೆ.

ಪದ ಹುಟ್ಟಿದ್ದು ‘ಸ್ಥಾ’ ಎಂಬ ಧಾತುವಿನಿಂದ, ನಿಲ್ಲು ಎಂದರ್ಥ. ಪಾಣಿನಿ ಅದಕ್ಕೆ ‘ವರಚ್’ ಪ್ರತ್ಯಯ ಹಚ್ಚುತ್ತಾನೆ. ಈಶ್ವರ, ಭಾಸ್ವರ ಎಂಬ ಪದಗಳೂ ಅದೇ ಸೂತ್ರದಲ್ಲಿ ಸಿದ್ಧವಾಗುತ್ತವೆ. ಈ ಪ್ರತ್ಯಯ ಸ್ವಭಾವವನ್ನು ಹೇಳುತ್ತದೆ. ಆಳುವುದು ಸ್ವಭಾವವಾದವನು ಈಶ್ವರ, ಹೊಳೆಯುವುದು ಸ್ವಭಾವವಾದದ್ದು ಭಾಸ್ವರ, ನಿಲ್ಲುವುದು ಸ್ವಭಾವವಾದದ್ದು ಸ್ಥಾವರ. ಸದ್ಯಕ್ಕೆ ನಿಂತಿದೆ, ನಾಳೆ ಬೇಕಾದರೆ ಹೊರಡುತ್ತದೆ ಎಂಬ ವಸ್ತುವಿಗೆ ಈ ಹೆಸರು ಒಪ್ಪುವುದಿಲ್ಲ. ಗೀತೆಯಲ್ಲಿ ಕೃಷ್ಣ ತನ್ನ ವಿಭೂತಿಗಳನ್ನು ಹೇಳುತ್ತ ಸ್ಥಾವರಗಳಲ್ಲಿ ಹಿಮಾಲಯವನ್ನು ಆರಿಸಿಕೊಂಡದ್ದು ಅದಕ್ಕೇ. ಗಿಡಮರಗಳೂ ಸ್ಥಾವರಗಳೇ. ಇಂಗ್ಲಿಷಿನ ‘ಪ್ಲಾಂಟ್’ ಕೂಡ ಗಿಡವೂ ಹೌದು, ಕಾರ್ಖಾನೆಯೂ ಹೌದು. ಹಿಂದಿಯವರು ಅದಕ್ಕೆ ‘ಸಂಯಂತ್ರ’ ಎಂದು ಯಂತ್ರದ ಕಡೆ ವಾಲಿದರು. ಕನ್ನಡದ ಪತ್ರಕರ್ತರ ಕೈಗೆ ನಿಲ್ಲುವ ಪದ ಸಿಕ್ಕಿತು.

ಜೈನರಲ್ಲಿ ಸ್ಥಾವರ ಎಂದರೆ ಸ್ಪರ್ಶವೊಂದೇ ಇಂದ್ರಿಯವಾಗಿರುವ ಜೀವ. ಭೂಮಿ, ನೀರು, ಬೆಂಕಿ, ಗಾಳಿ, ಸಸ್ಯ ಹೀಗೆ ಅದರಲ್ಲಿ ಐದು ಬಗೆ. ಅತ್ತಿಮಬ್ಬೆ ಬಸದಿ ಕಟ್ಟಿಸಿದ ಲಕ್ಕುಂಡಿ ಇದೇ ಗದಗ ತಾಲೂಕಿನದು. ಅಲ್ಲಿನ ಶ್ರಾವಕರಿಗೆ ಹರಿಯುವ ನೀರೂ ಬೀಸುವ ಗಾಳಿಯೂ ನೋಯಬಲ್ಲ ಜೀವಗಳಾಗಿದ್ದವು. ಆಯುರ್ವೇದದಲ್ಲಿ ಪದದ ಮುಖ ಬೇರೆ. ಸುಶ್ರುತ ವಿಷವನ್ನು ಎರಡಾಗಿ ಒಡೆಯುತ್ತಾನೆ: ಹಾವು ಚೇಳುಗಳಿಂದ ಬರುವುದು ಜಂಗಮ ವಿಷ, ಬೇರು ಎಲೆ ಹಣ್ಣು ಗಡ್ಡೆಗಳಿಂದ ಬರುವುದು ಸ್ಥಾವರ ವಿಷ. ಈ ಎರಡನೆಯ ಪಟ್ಟಿಯಲ್ಲಿ ನೆಲದೊಳಗಿನ ಧಾತುಗಳೂ ಇವೆ. ಯಾದಗಿರಿ ಜಿಲ್ಲೆಯ ಗೋಗಿಯಲ್ಲಿ ಯುರೇನಿಯಂ ನಿಕ್ಷೇಪ ಪತ್ತೆಯಾಗಿ ಅಲ್ಲಿನ ರೈತರು ತಮ್ಮ ಬಾವಿ ನೀರಿನ ಬಗ್ಗೆ ಕಳವಳಪಟ್ಟಾಗ, ಅವರ ಚಿಂತೆಗೆ ವೈದ್ಯಶಾಸ್ತ್ರದಲ್ಲಿ ಹೆಸರು ಆಗಲೇ ಇತ್ತು.

ಹನ್ನೆರಡನೆಯ ಶತಮಾನದ ವಚನಕಾರರು ಈ ಪದವನ್ನು ತಿರುಗಿಸಿ ನಿಲ್ಲಿಸಿದರು. ಅಲ್ಲಿಯವರೆಗೆ ನಿಂತದ್ದೇ ಶಾಶ್ವತ ಎಂಬ ಗೌರವ ಸ್ಥಾವರಕ್ಕಿತ್ತು. ಬಸವಣ್ಣ ಕಲ್ಲುಗುಡಿಯನ್ನು ಸ್ಥಾವರ ಎಂದು ಕರೆದು, ಅದು ಬೀಳುವಂಥದ್ದು, ನಡೆದಾಡುವ ಜಂಗಮವೇ ಉಳಿಯುವಂಥದ್ದು ಎಂದ. ತ್ರಿಕೂಟೇಶ್ವರ, ವೀರನಾರಾಯಣ, ಲಕ್ಕುಂಡಿಯ ಗುಡಿಗಳು ಇವೆಲ್ಲ ಕಣ್ಣೆದುರಿಗಿರುವ ಗದಗ ಸೀಮೆಯಲ್ಲಿ ಈ ಮಾತಿನ ತೂಕ ಸುಲಭವಾಗಿ ತಿಳಿಯುತ್ತದೆ. ಮುಂದೆ ಕನ್ನಡದಲ್ಲಿ ಸ್ಥಾವರ ಎಂದಾಗಲೆಲ್ಲ ಒಂದು ಸಂಶಯವೂ ಜೊತೆಗೆ ಬಂತು: ಇದು ಎಷ್ಟು ದಿನ ನಿಂತೀತು?

ಕೈಗಾ ಈ ಪ್ರಶ್ನೆಯನ್ನು ಎದುರಿಸಿದ ಜಾಗ. ಕಾರವಾರ ತಾಲೂಕಿನ ಕಾಳಿ ಕಣಿವೆಯಲ್ಲಿ 220 ಮೆಗಾವಾಟಿನ ನಾಲ್ಕು ರಿಯಾಕ್ಟರುಗಳಿವೆ. ನೈಸರ್ಗಿಕ ಯುರೇನಿಯಂ ಅವುಗಳ ಇಂಧನ. ಪರಮಾಣು ಒಡೆದಾಗ ಹೊಮ್ಮುವ ನ್ಯೂಟ್ರಾನುಗಳ ವೇಗ ತಗ್ಗಿಸಿ ಮುಂದಿನ ಪರಮಾಣುವನ್ನು ಒಡೆಯಲು ಅಣಿಗೊಳಿಸುವುದು ಭಾರಜಲ. ಹುಟ್ಟಿದ ಶಾಖದಿಂದ ಹಬೆ, ಹಬೆಯಿಂದ ಟರ್ಬೈನು. ಇಷ್ಟರಮಟ್ಟಿಗೆ ಕೈಗಾ ಮತ್ತು ರಾಯಚೂರು ದಾಯಾದಿಗಳು, ಬೇರೆಯಾಗುವುದು ಬೂದಿಯಲ್ಲಿ. 1994ರ ಮೇ ತಿಂಗಳಲ್ಲಿ, ಇಂಧನ ತುಂಬುವ ಮೊದಲು, ಕಟ್ಟುತ್ತಿದ್ದ ಒಂದನೆಯ ಘಟಕದ ಒಳಗುಮ್ಮಟದ ಕಾಂಕ್ರೀಟು ಸೀಳಿ ಕೆಳಗೆ ಬಿತ್ತು. ವಿನ್ಯಾಸ ಬದಲಿಸಿ ಮತ್ತೆ ಕಟ್ಟಿದರು. ಅದೇ ಘಟಕ 2018ರ ಡಿಸೆಂಬರ್ 31ರವರೆಗೆ 962 ದಿನ ಒಂದೇ ಸಮನೆ ನಡೆದು ಜಾಗತಿಕ ದಾಖಲೆ ಮಾಡಿತು. ಎರಡೂ ನಿಜ, ಎರಡನ್ನೂ ಒಟ್ಟಿಗೆ ಹೇಳಬೇಕು. ಕೋಟ ಶಿವರಾಮ ಕಾರಂತರು ಕೈಗಾವನ್ನು ವಿರೋಧಿಸಿದ್ದನ್ನು ಮುದುಕರ ಹಟ ಎಂದು ಬದಿಗೆ ಸರಿಸಿದವರಿದ್ದರು. ಬಿದ್ದ ಗುಮ್ಮಟವನ್ನು ನೋಡಿದ ಮೇಲೆ ಹಾಗೆ ಅನ್ನುವುದು ಕಷ್ಟ. 2009ರ ನವೆಂಬರಿನಲ್ಲಿ ಕೆಲಸಗಾರರು ಕುಡಿಯುವ ಕೂಲರಿನ ನೀರಿನಲ್ಲಿ ವಿಕಿರಣ ಸೂಸುವ ಟ್ರಿಟಿಯಂ ಸೇರಿದ್ದು ಗೊತ್ತಾಯಿತು. ಸ್ಥಾವರದ ವಿಷ ಲೋಟದೊಳಗೆ ಬಂದು ಜಂಗಮವಾಗಿತ್ತು.

ಇಂದಿನ ಹುಡುಗರು ರಿಯಾಕ್ಟರನ್ನು ಮೊದಲು ನೋಡುವುದು ಕೈಗಾದಲ್ಲಲ್ಲ, ಫೋನಿನಲ್ಲಿ. 2015ರಲ್ಲಿ ಬಂದ ‘ಫಾಲ್‌ಔಟ್ ಶೆಲ್ಟರ್’ ಆಟದಲ್ಲಿ ಅಣುಯುದ್ಧದಿಂದ ಪಾರಾಗಲು ನೆಲದೊಳಗೆ ಒಂದು ಆಶ್ರಯಮನೆ ಕಟ್ಟಬೇಕು. ಅದಕ್ಕೆ ‘ವಾಲ್ಟ್’ ಎಂದು ಹೆಸರು. ಜನ ಹೆಚ್ಚಾದಂತೆ ಅಣು ರಿಯಾಕ್ಟರಿನ ಕೋಣೆ ಕಟ್ಟುವ ಅವಕಾಶ ಸಿಗುತ್ತದೆ. ಬೆರಳು ಒತ್ತಿದರೆ ಕೋಣೆ ಏಳುತ್ತದೆ, ಬೇಡವೆಂದರೆ ಮತ್ತೆ ಒತ್ತಿದರಾಯಿತು, ಹೋಗುತ್ತದೆ. ಉರಿದ ಇಂಧನ ಎಲ್ಲಿಡಬೇಕು ಎಂದು ಆಟ ಕೇಳುವುದಿಲ್ಲ. ಹಾಗೆಂದು ಈ ಆಟಗಳನ್ನು ತಳ್ಳಿಹಾಕಲು ನನಗೆ ಮನಸ್ಸಿಲ್ಲ. 1997ರ ಮೊದಲ ‘ಫಾಲ್‌ಔಟ್’ ಶುರುವಾಗುವುದೇ ಒಂದು ಸತ್ಯದಿಂದ: ಹದಿಮೂರನೆಯ ವಾಲ್ಟಿನಲ್ಲಿ ನೀರು ಶುದ್ಧಮಾಡುವ ಯಂತ್ರದ ಚಿಪ್ ಕೆಟ್ಟಿದೆ, 150 ದಿನದೊಳಗೆ ಹೊರಗಿನಿಂದ ಇನ್ನೊಂದನ್ನು ತರಬೇಕು. ಅಡಗಿ ಕೂತವರನ್ನು ಕೊಲ್ಲುವುದು ವಿಕಿರಣಕ್ಕಿಂತ ಮೊದಲು ನೀರಿನ ಕೊರತೆ ಎಂಬುದನ್ನು ಆ ಆಟ ಸರಿಯಾಗಿ ಹಿಡಿದಿದೆ. ತಪ್ಪುವುದು ಔಷಧದಲ್ಲಿ. ಆಟದ ‘ರಾಡ್‌ಅವೇ’ ಏರಿಸಿಕೊಂಡರೆ ಮೈಯಲ್ಲಿನ ವಿಕಿರಣವೆಲ್ಲ ಇಳಿದುಹೋಗುತ್ತದೆ. ನಿಜದಲ್ಲಿ ಅಯೋಡಿನ್ ಗುಳಿಗೆ ಕಾಯುವುದು ಥೈರಾಯ್ಡ್ ಗ್ರಂಥಿಯೊಂದನ್ನು ಮಾತ್ರ. ಪ್ರಷ್ಯನ್ ಬ್ಲೂ ಎಂಬ ನೀಲಿ ಸೀಸಿಯಮ್ಮನ್ನು ಹೊರಹಾಕಲು ನೆರವಾಗುತ್ತದೆ. ಆಗಿಹೋದ ಗಾಯವನ್ನು ಅಳಿಸುವ ಮದ್ದಿಲ್ಲ.

ವಿಕಿರಣ ಧೂಳಿನಿಂದ ಕಾಯುವುದು ಮಣ್ಣು ಮತ್ತು ಕಾಲ. ಸುಮಾರು ಮೂರು ಅಡಿ ಮಣ್ಣು ಮೇಲಿದ್ದರೆ ಗಾಮಾ ಕಿರಣ ಸಾವಿರದಲ್ಲೊಂದು ಪಾಲಿಗೆ ಇಳಿಯುತ್ತದೆ. ಬಾಂಬಿನ ಧೂಳಿಗಾದರೆ ಕಾಲ ಏಳು ಪಟ್ಟಾದಾಗಲೆಲ್ಲ ವಿಕಿರಣ ಹತ್ತನೆಯ ಒಂದಕ್ಕೆ ಇಳಿಯುತ್ತದೆಂದು ಅಂದಾಜು. ಸ್ಫೋಟದ ಒಂದು ಗಂಟೆಯ ನಂತರ ಇದ್ದದ್ದು ಎರಡು ದಿನಕ್ಕೆ ನೂರರಲ್ಲೊಂದು, ಎರಡು ವಾರಕ್ಕೆ ಸಾವಿರದಲ್ಲೊಂದು. ನೆಲದೊಳಗೆ ಇಟ್ಟು ಕಾಪಾಡುವ ವಿದ್ಯೆ ಗದಗ-ಧಾರವಾಡ ಸೀಮೆಗೆ ಹೊಸದಲ್ಲ. ಇಲ್ಲಿ ಜೋಳ ತುಂಬುತ್ತಿದ್ದದ್ದು ಹಗೇವಿನಲ್ಲಿ. ಗಟ್ಟಿ ನೆಲದಲ್ಲಿ ಆಳವಾಗಿ ತೋಡಿ, ಸುತ್ತ ಹುಲ್ಲು ಹಾಸಿ, ಕಾಳು ತುಂಬಿ, ಬಾಯಿಗೆ ಕಲ್ಲು ಮುಚ್ಚಿ ಮಣ್ಣು ಎಳೆದರೆ ವರ್ಷಗಟ್ಟಲೆ ಕೆಡುತ್ತಿರಲಿಲ್ಲ. ಕಾಳೇ ಉಸಿರಾಡಿ ಒಳಗಿನ ಆಮ್ಲಜನಕ ಮುಗಿಸುವುದರಿಂದ ಹುಳ ಬದುಕುತ್ತಿರಲಿಲ್ಲ. ಹಗೇವು ತೆಗೆದ ಕೂಡಲೆ ಇಳಿಯಬ್ಯಾಡ, ಗಾಳಿ ಆಡ್ಲಿ ಎಂದು ಹಿರಿಯರು ಹೇಳುತ್ತಿದ್ದದ್ದು ಇದಕ್ಕೇ. ಅವಸರದಿಂದ ಇಳಿದವರು ಒಳಗೇ ಸತ್ತದ್ದುಂಟು. ಕಾಳನ್ನು ಉಳಿಸುವ ಮುಚ್ಚಳವೇ ಮನುಷ್ಯನನ್ನು ಕೊಲ್ಲುತ್ತದೆ. ಆಶ್ರಯಮನೆ ಕಟ್ಟುವವರು ಗೋಡೆಯ ದಪ್ಪದಷ್ಟೇ ಗಾಳಿಯ ಪಂಪಿಗೂ ತಲೆ ಕೆಡಿಸಿಕೊಳ್ಳುವುದು ಈ ಕಾರಣಕ್ಕೆ.

ಎರಡು ವಾರದ ಲೆಕ್ಕ ಬಾಂಬಿಗೆ ಸರಿ, ರಿಯಾಕ್ಟರಿಗೆ ಸಾಲದು. ಚೆರ್ನೋಬಿಲ್‌ನ ನಾಲ್ಕನೆಯ ಘಟಕ 1986ರ ಏಪ್ರಿಲ್ 26ರಂದು ಸಿಡಿದಾಗ ಅದರ ಧೂಳು ಎರಡೇ ದಿನದಲ್ಲಿ ಸ್ವೀಡನ್ನಿನ ಫೋರ್ಸ್‌ಮಾರ್ಕ್ ಸ್ಥಾವರದ ಅಳತೆಯಂತ್ರಗಳಿಗೆ ಸಿಕ್ಕಿತು. ಅಯೋಡಿನ್-131 ಎಂಟು ದಿನಕ್ಕೆ ಅರ್ಧವಾಗುತ್ತದೆ. ಸೀಸಿಯಂ-137ಕ್ಕೆ 30 ವರ್ಷ ಬೇಕು, ಪ್ಲುಟೋನಿಯಂ-239ಕ್ಕೆ 24,000 ವರ್ಷ. ಸ್ಥಾವರದ ಪಕ್ಕದ ಪ್ರಿಪ್ಯಾತ್ ಊರಿನ ಜನ ಮರುದಿನ ಬಸ್ಸು ಹತ್ತಿದವರು ಮತ್ತೆ ಬದುಕಲು ಹಿಂದಿರುಗಲಿಲ್ಲ. ಕೀವ್‌ನ ಆಟ ತಯಾರಿಸುವ ಕಂಪನಿಯೊಂದು 2007ರಲ್ಲಿ ಹೀಗೆ ಜನ ತೊರೆದ ನಿಷೇಧಿತ ವಲಯವನ್ನು ‘ಸ್ಟಾಕರ್’ ಎಂಬ ಆಟವಾಗಿಸಿತು. ತಮ್ಮದೇ ನೆಲದ ಗಾಯವನ್ನು ಬಲ್ಲವರು ಮಾಡಿದ್ದರಿಂದ ಆ ಆಟದಲ್ಲಿ ಪಾಳುಮನೆಗಳಿಗೆ ಒಂದು ಗಾಂಭೀರ್ಯವಿದೆ. 2016ರ ನವೆಂಬರಿನಲ್ಲಿ 36,000 ಟನ್ ತೂಕದ ಉಕ್ಕಿನ ಕಮಾನನ್ನು ಹಳಿಗಳ ಮೇಲೆ ಸರಿಸಿ ಸಿಡಿದ ಘಟಕದ ಮೇಲೆ ತಂದು ಕೂರಿಸಿದರು. ನೆಲದ ಮೇಲೆ ಮನುಷ್ಯ ಸರಿಸಿದ ಅತಿ ದೊಡ್ಡ ಕಟ್ಟಡವದು. ನೂರು ವರ್ಷ ಬಾಳಲೆಂದು ಕಟ್ಟಿದ ಅದಕ್ಕೆ 2025ರ ಫೆಬ್ರವರಿಯಲ್ಲಿ ಯುದ್ಧದ ಡ್ರೋನ್ ಬಡಿದು ತೂತು ಬಿತ್ತು.

ಅಮೆರಿಕದ ನ್ಯೂ ಮೆಕ್ಸಿಕೊದಲ್ಲಿ ಉಪ್ಪಿನ ಪದರದೊಳಗೆ ಪ್ಲುಟೋನಿಯಂ ತ್ಯಾಜ್ಯ ಹೂಳುವ ಜಾಗಕ್ಕೆ ಎಂಥ ಗುರುತು ನೆಟ್ಟರೆ 10,000 ವರ್ಷದ ನಂತರದವರಿಗೂ ಅರ್ಥವಾದೀತು ಎಂದು ತಜ್ಞರು 1990ರ ದಶಕದಲ್ಲಿ ಕೂತು ಯೋಚಿಸಿದರು. ಕೆತ್ತನೆ, ಚಿತ್ರ, ಹಲವು ಭಾಷೆಯ ಬರಹ ಎಲ್ಲ ಚರ್ಚೆಗೆ ಬಂದವು. ಕನ್ನಡಿಗರ ಬಳಿ ಇದಕ್ಕೊಂದು ಅನುಭವವಿದೆ. ನಮ್ಮ ದಾನಶಾಸನಗಳು ಆಚಂದ್ರಾರ್ಕ ಎನ್ನುತ್ತವೆ, ಸೂರ್ಯಚಂದ್ರರಿರುವವರೆಗೆ ನಡೆಯಲಿ ಎಂದು ಕೋರುತ್ತವೆ, ಅಳಿಸಿದವರಿಗೆ ಶಾಪ ಹಾಕುತ್ತವೆ. ಕೋಟುಮಚಗಿಯ ಕಲ್ಲಿಗೆ ಸಾವಿರ ವರ್ಷವಷ್ಟೇ ಆಗಿದೆ, ಆ ಲಿಪಿಯನ್ನು ಇಂದು ಶಾಸನತಜ್ಞರಲ್ಲದವರು ಓದಲಾರರು. ತಜ್ಞರಾದರೂ ಓದಬಲ್ಲರೆಂದರೆ, ಅಕ್ಷರ ಕಲಿಸುವ ಕೆಲಸ ತಲೆಮಾರಿನಿಂದ ತಲೆಮಾರಿಗೆ ಕಡಿಯದೆ ಬಂದದ್ದರಿಂದ. ಕಲ್ಲಿನ ಜೊತೆ ಕಲಿಸುವವನಿಗೂ ಏರ್ಪಾಡು ಮಾಡಿದ ಆ ದಾನಿಗಳ ದೂರದೃಷ್ಟಿ ಅಣುತ್ಯಾಜ್ಯದ ಯೋಜನೆಗಳಿಗೆ ಬೇಕಾಗಿದೆ.

ಸ್ಥಾವರ ಪದದ ಬಗ್ಗೆ ನಾಡಿನಲ್ಲಿ ಹುಟ್ಟಿದ ಅತಿ ಆಳವಾದ ವಿಚಾರ ಗುಡಿಯದ್ದೂ ಅಲ್ಲ, ವಿಷದ್ದೂ ಅಲ್ಲ, ಆಸ್ತಿಯದ್ದು. ಕಲ್ಯಾಣದಲ್ಲಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ಮಿತಾಕ್ಷರ ಎಂಬ ವ್ಯಾಖ್ಯಾನ ಬರೆದ; ಹಿಂದೂ ವಾರಸಾ ಕಾನೂನು ಭಾರತದ ಬಹುಭಾಗದಲ್ಲಿ ಅದರ ಮೇಲೆ ನಿಂತಿತ್ತು. ಸ್ಥಾವರವನ್ನು ತಂದೆಯೇ ಗಳಿಸಿದ್ದರೂ ಮಕ್ಕಳೆಲ್ಲರನ್ನು ಸೇರಿಸದೆ ದಾನ ಮಾಡಬಾರದು, ಮಾರಬಾರದು ಎಂದು ಅದು ವಿಧಿಸುತ್ತದೆ. ಕಾರಣವನ್ನೂ ಹಳೆಯ ಸ್ಮೃತಿವಾಕ್ಯವೊಂದರಿಂದ ತೋರಿಸುತ್ತದೆ: ಹುಟ್ಟಿದವರು, ಇನ್ನೂ ಹುಟ್ಟದವರು, ಗರ್ಭದಲ್ಲಿರುವವರು ಎಲ್ಲರೂ ಬದುಕಿಗೆ ಅದನ್ನೇ ನೆಚ್ಚಿಕೊಂಡಿರುತ್ತಾರೆ. ಚರಾಸ್ತಿಯಲ್ಲಿ ಯಜಮಾನನಿಗೆ ಸಡಿಲಿಕೆ ಕೊಡುವ ಶಾಸ್ತ್ರ ಸ್ಥಾವರದ ಮಾತು ಬಂದಾಗ ಬಿಗಿಯಾಗುತ್ತದೆ.

ಕೈಗಾದಲ್ಲಿ ತಲಾ 700 ಮೆಗಾವಾಟಿನ ಐದು ಮತ್ತು ಆರನೆಯ ಘಟಕಗಳಿಗಾಗಿ 2018ರಲ್ಲಿ ಸಾರ್ವಜನಿಕ ಅಹವಾಲು ಸಭೆ ನಡೆಯಿತು. ಕಾಳಿ ಕಣಿವೆಯ ಜನ ತಮ್ಮ ನೀರು, ಕಾಡು, ಕಾಯಿಲೆ, ಉದ್ಯೋಗಗಳನ್ನು ಮುಂದಿಟ್ಟರು. ಇಂಥ ಸಭೆಗಳಲ್ಲಿ ಇಂದಿನ ನಿವಾಸಿಗೆ ಮಾತಿದೆ, ಇಂದಿನ ಪಂಚಾಯ್ತಿಗೆ ಮಾತಿದೆ. ಉರಿದ ಇಂಧನವನ್ನು ಕಾಯಬೇಕಾದವರು ಅವರ ಮೊಮ್ಮಕ್ಕಳ ಮೊಮ್ಮಕ್ಕಳು. ಮಿತಾಕ್ಷರದ ಪ್ರಕಾರ ಅವರೂ ಹಕ್ಕುದಾರರು. ಮುಂದಿನ ಸ್ಥಾವರಕ್ಕೆ ಒಪ್ಪಿಗೆ ಕೇಳುವ ಕಡತದಲ್ಲಿ ಅವರ ಪರವಾಗಿ ವಾದಿಸುವವರೊಬ್ಬರನ್ನು ಕಾನೂನೇ ನೇಮಿಸಬೇಕು. ತ್ಯಾಜ್ಯ ಎಲ್ಲಿದೆ, ಎಷ್ಟಿದೆ, ಯಾರ ಖರ್ಚಿನಲ್ಲಿ ಎಷ್ಟು ಕಾಲ ಕಾಯುತ್ತಾರೆ ಎಂಬ ಲೆಕ್ಕವನ್ನು ಕಾಳಿ ಕಣಿವೆಯ ಕದ್ರಾ, ಮಲ್ಲಾಪುರದವರು ಓದುವ ಕನ್ನಡದಲ್ಲಿ ಬರೆದು ಕೊಡಬೇಕು.