ಗಣಿತಸಾರಸಂಗ್ರಹವೂ ವಿಚಾರಸ್ವಾತಂತ್ರ್ಯವೂ

ಕನ್ನಡನಾಡಿನ ಅರಸರ ಕೀರ್ತಿಯನ್ನು ಹೇಳುವಾಗ ನಾವು ಕೋಟೆಗಳನ್ನೂ ಕಾವ್ಯಗಳನ್ನೂ ನೆನೆಯುತ್ತೇವೆ. ಗಣಿತವನ್ನು ನೆನೆಯುವವರು ವಿರಳ. ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನ ಕಾಲದಲ್ಲಿ (ಕ್ರಿ. ಶ. 814–878) 'ಕವಿರಾಜಮಾರ್ಗ'ವು ಹುಟ್ಟಿದಂತೆಯೇ, ಸುಮಾರು 850ರಲ್ಲಿ ಜೈನ ವಿದ್ವಾಂಸನಾದ ಮಹಾವೀರಾಚಾರ್ಯನ 'ಗಣಿತಸಾರಸಂಗ್ರಹ'ವೆಂಬ ಸಂಸ್ಕೃತ ಗ್ರಂಥವೂ ಹುಟ್ಟಿತು. ಆ ಅರಸನ ಸಾಮಂತನಾದ ಬಂಕೇಶನು ಬನವಾಸಿ ನಾಡನ್ನಾಳಿದವನು; ಅವನ ಹೆಸರನ್ನು ಹೊತ್ತ ಬಂಕಾಪುರವು ನಮ್ಮ ಮುಂಡಗೋಡಿಗೆ ನೆರೆಯ ಊರು. ಆದುದರಿಂದ ಈ ವೃತ್ತಾಂತವು ನಮಗೆ ದೂರದ್ದಲ್ಲ.

ಅದಕ್ಕೆ ಮೊದಲು ಗಣಿತವು ಬಹುಮಟ್ಟಿಗೆ ಜ್ಯೋತಿಷಗ್ರಂಥಗಳ ಒಂದು ಅಧ್ಯಾಯವಾಗಿದ್ದಿತು. ಮಹಾವೀರನು ಅದನ್ನು ಸ್ವತಂತ್ರ ಶಾಸ್ತ್ರವನ್ನಾಗಿ ಬರೆದನು. ಸಂಗೀತ, ವೈದ್ಯ, ವಾಸ್ತು, ಛಂದಸ್ಸು, ಪಾಕಶಾಸ್ತ್ರಗಳಿಗೂ ಲೆಕ್ಕವು ಬೇಕೆಂದು ಅವನ ಮತ. ಸಂಖ್ಯೆಗಳ ಚೆಲುವಿನಲ್ಲಿಯೂ ಅವನಿಗೆ ಪ್ರೀತಿ. 142857143ನ್ನು 7ರಿಂದ ಗುಣಿಸಿದರೆ 1000000001 ಬರುತ್ತದೆ. ಎರಡು ತುದಿಗಳಿಂದಲೂ ಒಂದೇ ಬಗೆಯಾಗಿ ಕಾಣುವ ಇಂಥ ಲಬ್ಧಗಳನ್ನು ಅವನು ಕಂಠಾಭರಣಕ್ಕೆ ಹೋಲಿಸಿದನು.

ಷಡ್ರಸಗಳಿಂದ ಎಷ್ಟು ಬಗೆಯ ರುಚಿಗಳಾಗುವುವೆಂಬುದು ಅವನ ಇನ್ನೊಂದು ಪ್ರಶ್ನೆ. ಒಂದೊಂದೇ ರಸದಿಂದ 6, ಎರಡೆರಡರಿಂದ 15, ಮೂರು ಮೂರರಿಂದ 20, ನಾಲ್ಕರಿಂದ 15, ಐದರಿಂದ 6, ಎಲ್ಲವೂ ಕೂಡಿದರೆ 1, ಒಟ್ಟು 63. ಇಂಥ ಸಂಯೋಗಗಳೆಲ್ಲಕ್ಕೂ ಸಲ್ಲುವ ಸಾಮಾನ್ಯ ಸೂತ್ರವನ್ನೂ ಅವನು ಕೊಟ್ಟಿದ್ದಾನೆ. ಪ್ರತಿಯೊಂದು ರಸವೂ ಇರಬಹುದು, ಇಲ್ಲದಿರಬಹುದು; ಹೀಗೆ ಎಣಿಸಿದರೆ 64 ಆಗುತ್ತದೆ; ಯಾವ ರಸವೂ ಇಲ್ಲದ ಒಂದನ್ನು ಕಳೆದರೆ ಉಳಿಯುವುದು 63. ಆರಕ್ಷರದ ಪಾದದಲ್ಲಿ ಲಘುಗುರುಗಳ ಪ್ರಸ್ತಾರವೂ 64. ಇಂದಿನ ಗಣಕಯಂತ್ರವು ಸೊನ್ನೆ ಒಂದುಗಳೆಂಬ ಎರಡೇ ಚಿಹ್ನೆಗಳಿಂದ ನಡೆಸುವ ಎಣಿಕೆಯೂ ಈ ಜಾತಿಯದೇ.

ಇಷ್ಟು ದೊಡ್ಡ ಆಚಾರ್ಯನೂ ಒಂದೆಡೆ ಎಡವಿದನು. ಸೊನ್ನೆಯಿಂದ ಭಾಗಿಸಿದ ರಾಶಿಯು ವಿಕಾರಹೊಂದದೆ ಹಾಗೆಯೇ ಉಳಿಯುವುದೆಂದು ಬರೆದನು. 12ನ್ನು ಸೊನ್ನೆಯಿಂದ ಭಾಗಿಸಿ 12 ಬಂದರೆ, ತಾಳೆ ನೋಡುವಾಗ 12ನ್ನು ಸೊನ್ನೆಯಿಂದ ಗುಣಿಸಿ 12 ಬರಬೇಕಷ್ಟೆ! ಆದರೆ ಸೊನ್ನೆಯಿಂದ ಗುಣಿಸಿದುದು ಸೊನ್ನೆಯೆಂದು ಅದೇ ಶ್ಲೋಕವೇ ಹೇಳುತ್ತದೆ. 1150ರಲ್ಲಿ 'ಲೀಲಾವತಿ'ಯನ್ನು ರಚಿಸಿದ ಭಾಸ್ಕರಾಚಾರ್ಯನು ಅಂಥ ರಾಶಿಯನ್ನು 'ಖಹರ'ವೆಂದು ಕರೆದು ಅನಂತವೆಂದು ಬಗೆದನು. ಇಂದಿನ ಗಣಿತವಾದರೋ ಆ ಭಾಗಾಕಾರಕ್ಕೆ ಅರ್ಥವೇ ಇಲ್ಲವೆನ್ನುತ್ತದೆ. ಇದರಿಂದ ಪೂರ್ವಾಚಾರ್ಯರ ಗೌರವಕ್ಕೆ ಕುಂದಿಲ್ಲ; ಅವರ ಮಾತನ್ನು ಪರೀಕ್ಷಿಸಬಹುದೆಂಬುದೇ ಶಾಸ್ತ್ರದ ಜೀವ.

ಈ ಧರ್ಮವನ್ನು ನಮ್ಮ ಸೀಮೆಯಲ್ಲಿಯೇ ಕಣ್ಣಾರೆ ಕಾಣಬಹುದು. 1966ರಲ್ಲಿ ಮುಂಡಗೋಡಿನಲ್ಲಿ ಟಿಬೆಟಿನ ನಿರಾಶ್ರಿತರ ವಸತಿಯಾಯಿತು. ದ್ರೆಪುಂಗ್, ಗಾಂದೆನ್ ಮಠಗಳು ಅಲ್ಲಿ ಮರಳಿ ನೆಲೆಗೊಂಡುವು. ದಿಙ್ನಾಗ, ಧರ್ಮಕೀರ್ತಿಗಳ ತರ್ಕವನ್ನೋದುವ ಭಿಕ್ಷುಗಳು ಚಪ್ಪಾಳೆ ತಟ್ಟಿ ಪ್ರಶ್ನೆಯೊಡ್ಡುತ್ತಾರೆ. ಉತ್ತರಿಸುವವನು ಸಕಾರಣವಾಗಿ ನಿಲ್ಲಬೇಕು. ನೆಲವನ್ನು ಕಳೆದುಕೊಂಡವರು ಪ್ರಶ್ನಿಸುವ ಹಕ್ಕನ್ನು ಕಳೆದುಕೊಳ್ಳಲಿಲ್ಲ.

ದಾಂಡೇಲಿ, ಹಳಿಯಾಳ, ಜೋಯಿಡಾಗಳ ಮಕ್ಕಳಿಗೂ ಈಗ ಯಂತ್ರವು ಕ್ಷಣಮಾತ್ರದಲ್ಲಿ ಉತ್ತರವನ್ನೀಯುತ್ತದೆ. ಅದು ಲಾಭವೇ ಸರಿ. ಆದರೆ "ಇದು ಹೇಗೆ ಬಂದಿತು?" ಎಂದು ಕೇಳಿ ತಾಳೆ ನೋಡುವ ಅಭ್ಯಾಸವು ತಪ್ಪಿದರೆ, ಗುರುವಾಕ್ಯದ ಸ್ಥಾನದಲ್ಲಿ ಯಂತ್ರವಾಕ್ಯವು ಕುಳಿತೀತು. ಮನೆಯ ಹಿರಿಯರು ಮಕ್ಕಳ ಉತ್ತರಕ್ಕಿಂತ ಅವರ ಪ್ರಶ್ನೆಗೆ ಹೆಚ್ಚು ಕಿವಿಗೊಡುವುದು ಮೇಲು.