ಎಡದಿಂದ ಬಲಕ್ಕೆ: ನೈಜೀರಿಯಾದ ರಸ್ತೆ ಫಲಕಗಳ ಚರಿತ್ರೆ

ರಸ್ತೆಯ ಅಂಚಿನಲ್ಲಿ ನಿಂತ ತಗಡಿನ ಫಲಕಕ್ಕೂ ಒಂದು ಚರಿತ್ರೆ ಇರುತ್ತದೆ. ಅದಕ್ಕೆ ಪಶ್ಚಿಮ ಆಫ್ರಿಕಾದ ನೈಜೀರಿಯಾ ಒಂದು ಒಳ್ಳೆಯ ನಿದರ್ಶನ.

1960ರ ಅಕ್ಟೋಬರ್ 1ರಂದು ಸ್ವತಂತ್ರವಾದ ನೈಜೀರಿಯಾದಲ್ಲಿ, ಬ್ರಿಟಿಷರ ಆಡಳಿತ ಕಂಡ ನಮ್ಮ ದೇಶದಲ್ಲಿರುವಂತೆಯೇ, ವಾಹನಗಳು ರಸ್ತೆಯ ಎಡಬದಿಯಲ್ಲಿ ಸಾಗುತ್ತಿದ್ದವು. ಆದರೆ ಸುತ್ತಲಿನ ದಹೋಮಿ (ಇಂದಿನ ಬೆನಿನ್), ನೈಜರ್, ಚಾಡ್ ಮತ್ತು ಕ್ಯಾಮರೂನ್ ದೇಶಗಳಲ್ಲಿ ಬಲಬದಿಯ ಸಂಚಾರ. ಗಡಿ ದಾಟುವ ಪ್ರತಿಯೊಬ್ಬ ಲಾರಿ ಚಾಲಕನೂ ಬದಿ ಬದಲಿಸಬೇಕಾಗುತ್ತಿತ್ತು. ಕೊನೆಗೆ 1972ರ ಏಪ್ರಿಲ್ 2ರಂದು ನೈಜೀರಿಯಾ ಬಲಬದಿಗೆ ಹೊರಳಿತು. ಸಿಯೆರಾ ಲಿಯೋನ್ 1971ರಲ್ಲಿ, ಘಾನಾ 1974ರಲ್ಲಿ ಇದೇ ದಾರಿ ಹಿಡಿದವು.

ಬದಿ ಬದಲಾದರೆ ಫಲಕಗಳ ಗತಿಯೇನು? ಎಡಬದಿಯ ಚಾಲಕನಿಗೆ ಮುಖ ಮಾಡಿ ನಿಂತ ಫಲಕ, ಬಲಬದಿಯಲ್ಲಿ ಬರುವವನಿಗೆ ರಸ್ತೆಯ ಆಚೆ ಅಂಚಿನಲ್ಲಿ ಉಳಿಯುತ್ತದೆ. ವೃತ್ತವನ್ನು ಸುತ್ತುವ ದಿಕ್ಕೂ ತಿರುಗಿಬೀಳುತ್ತದೆ. ಬಾಣದ ಗುರುತುಗಳನ್ನು ಹೊಸದಾಗಿ ಬರೆಯಬೇಕಾಗುತ್ತದೆ. ಕಾಯಿದೆ ಒಂದೇ ದಿನದಲ್ಲಿ ಜಾರಿಗೆ ಬರಬಹುದು, ಆದರೆ ಕಂಬ ಕಿತ್ತು ನೆಡುವವರ ಕೆಲಸವೂ ಅದೇ ಹೊತ್ತಿಗೆ ಮುಗಿಯದಿದ್ದರೆ ಅಪಾಯ ತಪ್ಪಿದ್ದಲ್ಲ.

ಭಾಷೆಯ ಪ್ರಶ್ನೆ ಬೇರೆ ಇದೆ. ನೈಜೀರಿಯಾದಲ್ಲಿ 500ಕ್ಕೂ ಹೆಚ್ಚು ಭಾಷೆಗಳಿವೆ. ಇಂಗ್ಲಿಷ್ ಆಡಳಿತ ಭಾಷೆಯಾದರೂ ಎಲ್ಲರೂ ಅದನ್ನು ಓದಲಾರರು. ಇಂಥಲ್ಲಿ ಅಕ್ಷರಕ್ಕಿಂತ ಆಕಾರ ಮತ್ತು ಬಣ್ಣ ಬೇಗ ಮಾತನಾಡುತ್ತವೆ. ಕೆಂಪು ಅಂಚಿನ ತ್ರಿಕೋನ ಎಚ್ಚರಿಕೆಗೆ, ಕೆಂಪು ಅಂಚಿನ ವೃತ್ತ ನಿಷೇಧಕ್ಕೆ. ಇಂಥ ಗುರುತುಗಳನ್ನು ದೇಶದೇಶಗಳ ನಡುವೆ ಏಕರೂಪಗೊಳಿಸಲು 1968ರಲ್ಲಿ ವಿಯೆನ್ನಾದಲ್ಲಿ ಅಂತರರಾಷ್ಟ್ರೀಯ ಒಪ್ಪಂದವೊಂದು ರೂಪುಗೊಂಡಿತು.

1970ರ ದಶಕದಲ್ಲಿ ತೈಲದ ಹಣ ಹರಿದುಬಂತು. ವಾಹನಗಳು ಹೆಚ್ಚಿದವು, 1978ರಲ್ಲಿ ಲಾಗೋಸ್–ಇಬಾದಾನ್ ಹೆದ್ದಾರಿ ತೆರೆಯಿತು. ವೇಗದೊಂದಿಗೆ ಅಪಘಾತಗಳೂ ಬಂದವು. ಈ ಅಪಾಯವನ್ನು ಬಹಳ ಮೊದಲೇ ಕಂಡವರು ನಾಟಕಕಾರ ವೋಲೆ ಸೊಯಿಂಕಾ. ಅವರ 1965ರ ನಾಟಕ ‘ದಿ ರೋಡ್’ನಲ್ಲಿ, ಅಪಘಾತಕ್ಕೀಡಾದ ವಾಹನಗಳ ಬಿಡಿಭಾಗ ಮಾರುವ ‘ಪ್ರೊಫೆಸರ್’ ಎಂಬ ಪಾತ್ರ ರಸ್ತೆಬದಿಯ ‘ತಿರುವು’ ಫಲಕವನ್ನೇ ಕಿತ್ತು ತರುತ್ತದೆ. ಹಿಂದೆ ಬರುವ ಚಾಲಕನಿಗೆ ತಿರುವಿನ ಸುಳಿವೇ ಇಲ್ಲ!

ಸೊಯಿಂಕಾ ನಾಟಕ ಬರೆದು ಸುಮ್ಮನಾಗಲಿಲ್ಲ. 1977ರಲ್ಲಿ ಓಯೋ ರಾಜ್ಯದಲ್ಲಿ ರಸ್ತೆ ಸುರಕ್ಷತಾ ದಳ ಕಟ್ಟಲು ಮುಂದಾದರು. 1988ರ ಫೆಬ್ರವರಿಯಲ್ಲಿ ಫೆಡರಲ್ ರಸ್ತೆ ಸುರಕ್ಷತಾ ದಳ ಸ್ಥಾಪನೆಯಾದಾಗ, 1986ರ ನೊಬೆಲ್ ಪ್ರಶಸ್ತಿ ಪಡೆದಿದ್ದ ಅವರೇ ಅದರ ಮೊದಲ ಅಧ್ಯಕ್ಷರಾದರು. ಈ ದಳಕ್ಕೆ 2007ರಲ್ಲಿ ಹೊಸ ಕಾಯಿದೆ ಬಂತು. ನಿಯಮ ಮುರಿದವರನ್ನು ಹಿಡಿಯುವುದರ ಜೊತೆಗೆ, ಅಪಘಾತ ತಗ್ಗಿಸಲು ರಸ್ತೆಯಲ್ಲಿ ಏನೇನು ಆಗಬೇಕೆಂದು ಸರ್ಕಾರಗಳಿಗೆ ಸಲಹೆ ನೀಡುವುದೂ ಅದರ ಹೊಣೆ.

ಆದರೆ ರಸ್ತೆಗಳು ಫೆಡರಲ್, ರಾಜ್ಯ ಮತ್ತು ಸ್ಥಳೀಯ ಸರ್ಕಾರಗಳ ನಡುವೆ ಹಂಚಿಹೋಗಿವೆ. ಸಲಹೆ ಕೊಡುವವರು ಒಬ್ಬರು, ಕಂಬ ನೆಡುವವರು ಇನ್ನೊಬ್ಬರು. ಹೀಗಾದಾಗ ಬಿದ್ದುಹೋದ ಒಂದು ಫಲಕ ಯಾರ ಲೆಕ್ಕಕ್ಕೂ ಸೇರದೆ ಉಳಿಯಬಹುದು. ಫಲಕವೆಂದರೆ ಮುಂದಿನ ದಾರಿ ಬಲ್ಲವರು ಅದನ್ನರಿಯದ ಪಯಣಿಗನಿಗೆ ಕೊಟ್ಟ ಮಾತು. ಆ ಮಾತು ಉಳಿಯಬೇಕಾದರೆ ಕಾಯಿದೆ ಬರೆಯುವವರು, ಕಂಬ ಕಾಯುವವರು, ಫಲಕ ನೋಡಿ ನಡೆಯುವವರು ಮೂವರೂ ಬೇಕು. ನಿಮ್ಮ ಊರಿನ ರಸ್ತೆಯಲ್ಲಿ ಈ ಮೂವರಲ್ಲಿ ಯಾರ ಕೆಲಸ ಬಾಕಿ ಉಳಿದಿದೆ ಎಂದು ವಿದ್ಯಾರ್ಥಿಗಳು ಗಮನಿಸಿ ನೋಡಬಹುದು.