ಸುತ್ತಿಗೆ ಏಟು ತಿಂದ ಲಿಬರೇಟರ್‌ಗಳು

ನಾನು ಕುಮಟೆಯವನು. ಬೆಂಗಳೂರಿನ ವಿಮಾನ ಕಾರ್ಖಾನೆ ಎಚ್‌ಎಎಲ್‌ನಲ್ಲಿ ಎಂಜಿನ್ ಬಿಚ್ಚಿ ಜೋಡಿಸುವುದನ್ನು ಕಲಿತದ್ದು ಲಿಬರೇಟರ್ ಬಾಂಬರುಗಳ ಕಾಲದ ಹಿರಿಯ ಫಿಟ್ಟರ್‌ಗಳ ಕೈಕೆಳಗೆ. ಹಳೆಯ ಯುದ್ಧವಿಮಾನಗಳನ್ನು ಮತ್ತೆ ಹಾರಿಸುವುದು ಶ್ರೀಮಂತ ದೇಶಗಳ ಹವ್ಯಾಸ ಎಂದು ಯಾರಾದರೂ ಅಂದರೆ ನನಗೆ ಸುಮ್ಮನಿರಲಾಗುವುದಿಲ್ಲ. ನಮ್ಮ ನಾಡಿನಲ್ಲಿ ಅದು 1948ರಲ್ಲೇ ನಡೆದಿದೆ. ಆಗ ದೇಶಕ್ಕೆ ಬೇರೆ ಗತಿಯಿರಲಿಲ್ಲ.

ಎರಡನೇ ಮಹಾಯುದ್ಧ ಮುಗಿದಾಗ ಕಾನ್ಪುರದ ಚಕೇರಿಯಲ್ಲಿ ಬಿ-24 ಲಿಬರೇಟರ್ ಬಾಂಬರುಗಳು ಸಾಲುಗಟ್ಟಿ ನಿಂತಿದ್ದವು. ಅಮೆರಿಕ ಯುದ್ಧಕ್ಕೆಂದು ಬ್ರಿಟನ್ನಿಗೆ ಎರವಲು ಕೊಟ್ಟವು. ಕೆಲಸ ಮುಗಿದ ಮೇಲೆ ಹಿಂದಿರುಗಿಸಬೇಕು, ಇಲ್ಲವೇ ಹಾಳುಗೆಡವಬೇಕು. ಬ್ರಿಟಿಷರು ಹಾಳುಗೆಡವಿದರು. ಮಾಪಕಗಳಿಗೆ ಸುತ್ತಿಗೆ ಏಟು ಬಿತ್ತು, ಎಂಜಿನ್‌ಗಳಿಗೆ ಮರಳು ಸುರಿದರು.

ಹೊಸದಾಗಿ ಸ್ವತಂತ್ರವಾದ ದೇಶಕ್ಕೆ ದೊಡ್ಡ ಬಾಂಬರು ಬೇಕಿತ್ತು. ಎಚ್‌ಎಎಲ್‌ನವರು ಕಾನ್ಪುರಕ್ಕೆ ಹೋಗಿ, ಒಂದರ ಭಾಗ ಇನ್ನೊಂದಕ್ಕೆ ಹಾಕಿ, ಒಂದು ಹಾರಾಟಕ್ಕೆ ಸಾಕಾಗುವಷ್ಟು ರಿಪೇರಿ ಮಾಡಿದರು. ಪರೀಕ್ಷಾ ಪೈಲಟ್ ಜಮ್‌ಶೆಡ್ ಮುನ್ಶಿ ಆ ತೇಪೆಯ ವಿಮಾನಗಳನ್ನು ಒಂದೊಂದಾಗಿ ಸಾವಿರದ ಐನೂರು ಕಿಲೋಮೀಟರ್ ಹಾರಿಸಿ ಬೆಂಗಳೂರಿಗೆ ತಂದರು. ಒಟ್ಟು ಸುಮಾರು 40. ಎಂಥ ಎದೆಗಾರಿಕೆ!

ಧೈರ್ಯದ ಕಥೆ ಹೇಳುವವರು ಎಂಜಿನ್‌ನ ಕಥೆ ಬಿಟ್ಟುಬಿಡುತ್ತಾರೆ. ಲಿಬರೇಟರ್‌ಗೆ ನಾಲ್ಕು ಪ್ರಾಟ್ ಆಂಡ್ ವಿಟ್ನಿ ಟ್ವಿನ್ ವಾಸ್ಪ್. ಒಂದೊಂದಕ್ಕೂ ಎರಡು ಸಾಲಿನಲ್ಲಿ 14 ಸಿಲಿಂಡರ್, 1200 ಅಶ್ವಶಕ್ತಿ. ವಾಲ್‌ಚಂದ್ ಹೀರಾಚಂದರು ಮೈಸೂರು ಸರ್ಕಾರದ ಜೊತೆ 1940ರಲ್ಲಿ ಕಟ್ಟಿದ ಎಚ್‌ಎಎಲ್ ಕಾರ್ಖಾನೆಯನ್ನು ಯುದ್ಧಕಾಲದಲ್ಲಿ ಅಮೆರಿಕದ ಸೇನೆ ನಡೆಸಿತ್ತು. ಆಗ ರಿಪೇರಿಗೆ ಬರುತ್ತಿದ್ದ ಡಕೋಟಾ ವಿಮಾನಗಳಿಗೂ, ಬೆಳ್ಳಂದೂರು ಕೆರೆಗೆ ಇಳಿಯುತ್ತಿದ್ದ ಕ್ಯಾಟಲೀನಾ ನೀರುವಿಮಾನಗಳಿಗೂ ಇದೇ ಜಾತಿಯ ಎಂಜಿನ್. ಹಾಗಾಗಿ ಬೆಂಗಳೂರಿನ ಕೈಗಳಿಗೆ ಅದರ ಒಳಹೊರಗು ಗೊತ್ತಿತ್ತು. ಆದರೂ ಮರಳು ಅಂದರೆ ಮರಳು. ಹೊನ್ನಾವರದ ಕಾಸರಕೋಡಿನಲ್ಲಿ ಬೋಟಿನ ಎಂಜಿನ್ ನೋಡಿಕೊಳ್ಳುವವರನ್ನು ಕೇಳಿ, ಬೇರಿಂಗಿಗೆ ಚಿಟಿಕೆ ಹೊಯಿಗೆ ಹೊಕ್ಕರೆ ಏನಾಗುತ್ತದೆಂದು ಹೇಳುತ್ತಾರೆ. ಇಲ್ಲಿ ಎಣ್ಣೆ ಹರಿಯುವ ಪ್ರತಿ ಸಣ್ಣ ದಾರಿಯನ್ನೂ ತೊಳೆಯಬೇಕಿತ್ತು. ಒಂದು ಕಣ ಉಳಿದರೂ ಕಡಲ ಮೇಲೆ ಎಂಜಿನ್ ಹಿಡಿದುಕೊಳ್ಳುತ್ತದೆ.

1948ರ ನವೆಂಬರಿನಲ್ಲಿ ವಾಯುಪಡೆಯ 5ನೇ ಸ್ಕ್ವಾಡ್ರನ್ ಲಿಬರೇಟರ್ ಹತ್ತಿತು. ಆಮೇಲೆ ಪುಣೆಯಿಂದ 6ನೇ ಸ್ಕ್ವಾಡ್ರನ್ ಅದರಲ್ಲೇ ಅರಬ್ಬೀ ಸಮುದ್ರ ಕಾಯಿತು. ಭಟ್ಕಳದವರಿಗೆ ಅದು ನೇತ್ರಾಣಿ ದ್ವೀಪದಾಚೆಯ ಕಡಲು. ಕಾರವಾರದ ತೀರದಲ್ಲಿ ಈಗ ನಮ್ಮ ಮಕ್ಕಳು ನೋಡುವ ಟುಪೊಲೆವ್-142 ವಿಮಾನ ನೌಕಾಪಡೆಯಲ್ಲಿ 2017ರವರೆಗೆ ಮಾಡಿದ್ದೂ ಕಡಲು ಕಾಯುವ ಕೆಲಸವನ್ನೇ.

ಗುಜರಿಯಿಂದ ಎದ್ದ ಲಿಬರೇಟರ್‌ಗಳು 1968ರವರೆಗೆ ದುಡಿದವು. ಬ್ರಿಟನ್, ಅಮೆರಿಕದ ಸಂಗ್ರಹಾಲಯಗಳು ಅವನ್ನು ಬೇಡಿ ಪಡೆದವು. ಒಂದನ್ನು ಅಮೆರಿಕದ ಕಾಲಿಂಗ್ಸ್ ಪ್ರತಿಷ್ಠಾನ 1984ರಲ್ಲಿ ಕೊಂಡು, 1989ರಲ್ಲಿ ಮತ್ತೆ ಹಾರಿಸಿತು. ಅದರ ಮೈಮೇಲೆ ಅಮೆರಿಕದ ಯುದ್ಧಕಾಲದ ಬಣ್ಣ, ಹೆಸರುಗಳನ್ನು ಬರೆದರು. ಬರೆಯಲಿ. ಆದರೆ ಅದನ್ನು ಅಷ್ಟು ವರ್ಷ ಉಳಿಸಿದ ಬೆಂಗಳೂರಿನ ಫಿಟ್ಟರ್‌ಗಳ ಹೆಸರೂ ಅದರ ಪಕ್ಕದಲ್ಲಿ ಇರಬೇಕಿತ್ತು.